ನನಗೆ ಎಷ್ಟು ಇಂಚಿನ ಸೈಕಲ್ ಬೇಕು?

ಪ್ರಶ್ನೆ (ಕೋಡಿಬಾಗ, ಕಾರವಾರ): ಅಣ್ಣಾ, ನನ್ನ ಎತ್ತರ 5 ಅಡಿ 5 ಇಂಚು. ಹಬ್ಬದ ಆಫರ್‌ನಲ್ಲಿ 29 ಇಂಚಿನ ಗೇರ್ ಸೈಕಲ್ ಆನ್‌ಲೈನ್‌ನಲ್ಲಿ ತರಿಸಿದೆ. ಫ್ರೇಮ್ 19 ಅಂತ ಸ್ಟಿಕರ್ ಇದೆ. ದಿನಾ ಬೆಳಿಗ್ಗೆ ಕಾಳಿ ಸೇತುವೆ ದಾಟಿ ಮಾಜಾಳಿವರೆಗೆ ಹೋಗಿ ಬರುತ್ತೇನೆ. ಹದಿನೈದು ದಿನಕ್ಕೇ ಮೊಣಕಾಲ ಚಿಪ್ಪಿನ ಮುಂದೆ ನೋವು, ಅಂಗೈ ಜೋಮು. ಅಭ್ಯಾಸ ಇಲ್ಲದ್ದಕ್ಕೆ ಹೀಗಾ, ಸೈಕಲ್ಲೇ ದೊಡ್ಡದಾಯಿತಾ?

ಉತ್ತರ: ಸೈಕಲ್ಲೂ ದೊಡ್ಡದು, ಸೀಟೂ ಕೆಳಗಿದೆ ಅಂತ ನನ್ನ ಅನುಮಾನ. ಮೊದಲು ಈ ಇಂಚಿನ ಗೊಂದಲ ಬಿಡಿಸೋಣ. ನನ್ನ ಸೈಕಲ್ ಅಂಗಡಿಗೆ ಬರುವ ಹತ್ತು ಜನರಲ್ಲಿ ಎಂಟು ಜನ ಇಲ್ಲೇ ಎಡವುತ್ತಾರೆ.

ಅಪ್ಪಂದಿರ ಕಾಲದ ಕರಿ ಸೈಕಲ್ ಇತ್ತಲ್ಲ, ಅದರಲ್ಲಿ 22, 24 ಅಂದರೆ ಫ್ರೇಮಿನ ಅಳತೆ. ಎರಡೂ ಪೆಡಲಿನ ತೋಳು ಸೇರುವ ನಡು ಅಚ್ಚಿನಿಂದ ಸೀಟಿನ ಕೆಳಗಿನ ಪೈಪ್ ಮುಗಿಯುವವರೆಗೆ. ಚಕ್ರ ಎರಡಕ್ಕೂ 28 ಇಂಚಿನದೇ. ಈಗ ಅಂಗಡಿಯಲ್ಲಿ 26, 27.5, 29 ಅಂದರೆ ಅದು ಚಕ್ರ. ಮೈಗೆ ಹೊಂದಬೇಕಾದದ್ದು ಫ್ರೇಮು. ನೀವು 29 ನೋಡಿ ಕೊಂಡಿರಿ, ನಿಮಗೆ ತೊಂದರೆ ಕೊಡುತ್ತಿರುವುದು ಆ ಸ್ಟಿಕರಿನ 19.

ಎತ್ತರವೂ ಪೂರ್ತಿ ಕಥೆ ಹೇಳುವುದಿಲ್ಲ. ಒಂದೇ ಎತ್ತರದ ಇಬ್ಬರಲ್ಲಿ ಒಬ್ಬನಿಗೆ ಕಾಲು ಉದ್ದ, ಇನ್ನೊಬ್ಬನಿಗೆ ಬೆನ್ನು ಉದ್ದ. ಹಾಗಾಗಿ ಒಳಗಾಲು ಅಳೆಯಿರಿ. ಚಪ್ಪಲಿ ಬಿಟ್ಟು ಗೋಡೆಗೆ ಬೆನ್ನು ಕೊಟ್ಟು ನಿಲ್ಲಿ, ಪಾದಗಳ ನಡುವೆ ಒಂದು ಗೇಣಿಗಿಂತ ಸ್ವಲ್ಪ ಕಡಿಮೆ ಜಾಗ ಬಿಡಿ. ದಪ್ಪ ರಟ್ಟಿನ ಪುಸ್ತಕವನ್ನು ಕಾಲ ಸಂದಿಯಲ್ಲಿ ಮೇಲಕ್ಕೆ ಒತ್ತಿ, ಸೀಟಿನ ಮೇಲೆ ಕೂತಾಗ ಎಷ್ಟು ಒತ್ತುತ್ತದೋ ಅಷ್ಟು. ನೆಲದಿಂದ ಪುಸ್ತಕದ ಮೇಲಂಚಿನವರೆಗೆ ಟೇಪ್ ಹಿಡಿಯಲು ಮನೆಯವರನ್ನು ಕರೆಯಿರಿ. ಒಬ್ಬರೇ ಬಗ್ಗಿ ಅಳೆದರೆ ಲೆಕ್ಕ ತಪ್ಪುತ್ತದೆ.

ಅದೇ ಕೋಡಿಬಾಗದವರು: 76 ಸೆಂ.ಮೀ. ಬಂತು. ಸೀಟಿನ ಎತ್ತರ ಈಗ ಆ ನಡು ಅಚ್ಚಿನಿಂದ 62. ಎರಡೂ ಕಾಲು ನೆಲಕ್ಕೆ ಊರಬೇಕು ಅಂತ ನಾನೇ ಇಳಿಸಿದ್ದು.

ಉತ್ತರ: ಹಾಗಾದರೆ ಮೊಣಕಾಲು ನೋವಿಗೆ ಕಾರಣ ಸಿಕ್ಕಿತು. ಒಳಗಾಲನ್ನು 0.883ರಿಂದ ಗುಣಿಸಿದರೆ ಸೀಟಿನ ಎತ್ತರ ಸುಮಾರಾಗಿ ಸಿಗುತ್ತದೆ. ನಿಮಗೆ 67. ನೀವು 5 ಸೆಂ.ಮೀ. ಕೆಳಗೆ ಕೂತಿದ್ದೀರಿ. ಕಾಲು ಪೂರ್ತಿ ಚಾಚದೆ ಮಡಚಿದ ಮಂಡಿಯಲ್ಲೇ ತುಳಿದರೆ ಚಿಪ್ಪಿನ ಮೇಲೆ ಭಾರ ಬೀಳುತ್ತದೆ. ಸೇತುವೆ ಮೇಲೆ ಎದುರುಗಾಳಿ ಇದ್ದರೆ ಕೇಳುವುದೇ ಬೇಡ.

ಲೆಕ್ಕ ಬೇಡ ಅನ್ನುವವರು ಹೀಗೆ ನೋಡಿ. ಗೋಡೆ ಹಿಡಿದು ಸೀಟಿನ ಮೇಲೆ ಕೂತು, ಪೆಡಲ್ ತೀರಾ ಕೆಳಗಿರುವಾಗ ಅದರ ಮೇಲೆ ಹಿಮ್ಮಡಿ ಇಡಿ. ಕಾಲು ನೆಟ್ಟಗಾಗಬೇಕು. ಓಡಿಸುವಾಗ ಪಾದದ ಮುಂಭಾಗದಿಂದ ತುಳಿಯುತ್ತೀರಲ್ಲ, ಆಗ ಮಂಡಿ ತಾನಾಗಿ ಸ್ವಲ್ಪ ಬಾಗುತ್ತದೆ. ಸೊಂಟ ಆಚೀಚೆ ಜಾರಿದರೆ, ಮಂಡಿಯ ಹಿಂದೆ ಎಳೆದರೆ ಸೀಟು ಜಾಸ್ತಿ ಮೇಲೆ ಹೋಗಿದೆ ಅಂತ ಅರ್ಥ.

ಐದೂ ಸೆಂಟಿಮೀಟರ್ ಇವತ್ತೇ ಏರಿಸಬೇಡಿ. ಎರಡು ದಿನಕ್ಕೊಮ್ಮೆ ಒಂದೊಂದು. ನಿಲ್ಲುವಾಗ ಸೀಟಿನಿಂದ ಮುಂದಕ್ಕೆ ಇಳಿದು ಕಾಲು ಊರಿ. ಕೂತಲ್ಲೇ ಎರಡೂ ಪಾದ ನೆಲಕ್ಕೆ ತಾಗಿದರೆ ಆ ಸೀಟು ಕಲಿಯುವ ಮಕ್ಕಳದ್ದು.

ಇನ್ನು ಫ್ರೇಮು. ಗುಡ್ಡಗಾಡಿನ ಮಾದರಿಯ ಸೈಕಲ್ಲಿಗೆ ಒಳಗಾಲು ಗುಣಿಸು 0.225 ಅಂತ ಒಂದು ಅಂದಾಜಿದೆ. ನಿಮಗೆ 17 ಇಂಚು. ಅಡ್ಡ ಪೈಪಿನ ಆಚೆ ಒಂದು, ಈಚೆ ಒಂದು ಕಾಲು ನೆಲಕ್ಕೆ ಊರಿ ನಿಂತು ನೋಡಿ. ಹೀಗೆ ನಿಂತಾಗ ಇಂಥ ಸೈಕಲ್ಲಿಗೆ ಪೈಪಿಗೂ ಕಾಲ ಸಂದಿಗೂ ನಡುವೆ ಕನಿಷ್ಠ 5 ಸೆಂ.ಮೀ. ಜಾಗ ಉಳಿಯಬೇಕು. ರಸ್ತೆ ಸೈಕಲ್ಲಿಗೆ ಎರಡು ಮೂರು ಸಾಕು. ಪೈಪ್ ಮೈಗೆ ತಾಗಿದರೆ, ವಾಪಸ್ ಮಾಡಲು ದಿನ ಉಳಿದಿದ್ದರೆ ಮಾಡಿಬಿಡಿ. ನಾಚಿಕೆ ಬೇಡ.

ಪ್ರಶ್ನೆ (ಶಿರಸಿ): ಮಗಳಿಗೆ 10 ವರ್ಷ, 135 ಸೆಂ.ಮೀ. ಬೆಳೆಯೋ ಮಕ್ಕಳಲ್ವಾ, 26 ತಗೊಂಡರೆ ನಾಲ್ಕು ವರ್ಷ ಬರುತ್ತದೆ ಅಂತ ನಾನು. ನಮ್ಮನೆಯವರು ಪಿಯುಸಿಯಲ್ಲಿ 24 ಹೊಡೆದದ್ದಂತೆ, ಅವಳಿಗೆ ಅದೇ ದೊಡ್ಡದು ಅಂತ ಅವರು. ಯಾರು ಸರಿ?

ಉತ್ತರ: ಅಕ್ಕಾ, ಯಜಮಾನರು ಹೊಡೆದ 24 ಫ್ರೇಮು, ಅಂಗಡಿಯವರು ಮಗಳಿಗೆ ತೋರಿಸುವ 24 ಚಕ್ರ. ಮನೆಯಲ್ಲಿ ಇದಕ್ಕೆ ಜಗಳ ಬೇಡ. 135ಕ್ಕೆ ಸಾಮಾನ್ಯವಾಗಿ 24ರ ಚಕ್ರ ಸರಿ. ಆದರೂ ಅವಳನ್ನು ಕರೆದುಕೊಂಡು ಹೋಗಿ, ಹತ್ತಿಸಿ ನೋಡಿಯೇ ಕೊಳ್ಳಿ. ಹುಟ್ಟುಹಬ್ಬಕ್ಕೆ ಅಚ್ಚರಿ ಕೊಡುತ್ತೇವೆ ಅಂತ ಮಗುವನ್ನು ಬಿಟ್ಟು ಬರುವವರಿಗೆ ಸೈಕಲ್ ಮಾರಲು ನನಗೆ ಮನಸ್ಸಿಲ್ಲ.

ಯೂನಿಫಾರಂ ದೊಡ್ಡದಾದರೆ ಮಡಚಿ ಹೊಲಿಯಬಹುದು, ಸೈಕಲ್ ಹಾಗಲ್ಲ. ನಾವೂ ದೊಡ್ಡ ಸೈಕಲ್ಲಿನಲ್ಲಿ ಒಳಪೆಡಲ್ ಹೊಡೆದೇ ಕಲಿತೆವು ಅನ್ನುತ್ತಾರೆ. ಹೌದು, ಮಂಡಿಯ ಗಾಯದ ಕಲೆಗಳೂ ಇವೆ. ಸರ್ಕಾರ 2006-07ರಲ್ಲಿ ಎಂಟನೇ ಕ್ಲಾಸಿನ ಮಕ್ಕಳಿಗೆ ಸೈಕಲ್ ಕೊಡಲು ಶುರು ಮಾಡಿದಾಗ, ಗಿಡ್ಡ ಮಕ್ಕಳ ಸೀಟು ಇಳಿಸಿಕೊಡುವುದೇ ನನಗೆ ತಿಂಗಳ ಕೆಲಸವಾಗಿತ್ತು.

ಇನ್ನೊಂದು, ಶಿರಸಿಯಲ್ಲಿ ಇಳಿಜಾರು ಜಾಸ್ತಿ. ಹ್ಯಾಂಡಲ್ ಹಿಡಿದಂತೆಯೇ ಅವಳ ಬೆರಳು ಬ್ರೇಕಿಗೆ ಎಟುಕುತ್ತದಾ ನೋಡಿ. ಎಟುಕದಿದ್ದರೆ, ಹಲವು ಬ್ರೇಕ್ ಹಿಡಿಗಳಲ್ಲಿ ಒಂದು ಸಣ್ಣ ಸ್ಕ್ರೂ ಇರುತ್ತದೆ. ತಿರುಗಿಸಿದರೆ ಹಿಡಿ ಹತ್ತಿರ ಬರುತ್ತದೆ. ಸೈಜಿಗಿಂತ ಮೊದಲು ನಾನು ನೋಡುವುದೇ ಇದನ್ನು.

ಪ್ರಶ್ನೆ (ಅಂಕೋಲಾ): ಇದನ್ನೆಲ್ಲ ಓದಿ ಸೀಟು ಏರಿಸಲು ಹೋದೆ. ಪೈಪ್ ಅಲುಗುತ್ತಿಲ್ಲ. ಸುತ್ತಿಗೆಯಲ್ಲಿ ಹೊಡೆಯಲಾ?

ಉತ್ತರ: ಬೇಡ ಮಾರಾಯ್ರೇ! ಉಪ್ಪುಗಾಳಿಗೆ ತುಕ್ಕು ಹಿಡಿದು ಕಚ್ಚಿಕೊಂಡಿದೆ. ತುಕ್ಕು ಬಿಡಿಸುವ ಎಣ್ಣೆ ಹಾಕಿ ಒಂದು ರಾತ್ರಿ ಬಿಡಿ. ಆಮೇಲೆ ಸೀಟು ಹಿಡಿದು ಎಡಕ್ಕೂ ಬಲಕ್ಕೂ ತಿರುಚುತ್ತಾ ಎಳೆಯಿರಿ. ಬಂದ ಮೇಲೆ ಒರೆಸಿ ಗ್ರೀಸ್ ಹಚ್ಚಿ ಹಾಕಿ. ಕರಾವಳಿಯಲ್ಲಿ ಮಳೆಗಾಲಕ್ಕೆ ಮುಂಚೆ ಒಮ್ಮೆ, ಮುಗಿದ ಮೇಲೆ ಒಮ್ಮೆ ಇದನ್ನು ಮಾಡಲೇಬೇಕು. ಪೈಪಿನ ಮೇಲೆ ಒಂದು ಗೆರೆ ಕೊರೆದಿರುತ್ತದೆ. ಆ ಗೆರೆ ಹೊರಗೆ ಕಾಣುವಷ್ಟು ಏರಿಸಬೇಡಿ, ಪೈಪ್ ಮುರಿಯುತ್ತದೆ. ಅಷ್ಟು ಏರಿಸಿದರೂ ಸಾಲದಿದ್ದರೆ ಆ ಫ್ರೇಮು ನಿಮಗೆ ಚಿಕ್ಕದು.

ಕೋಡಿಬಾಗದವರು, ಹನ್ನೆರಡು ದಿನ ಬಿಟ್ಟು: ಅಣ್ಣಾ, ವಾಪಸ್ ಮಾಡುವ ದಿನ ಮುಗಿದಿತ್ತು. ಸೀಟು 66.5ಕ್ಕೆ ತಂದೆ. ಮೊಣಕಾಲು ಆರಾಮ. ಅಂಗೈ ಮಾತ್ರ ಇನ್ನೂ ಜೋಮು ಹಿಡಿಯುತ್ತದೆ.

ಉತ್ತರ: ಫ್ರೇಮು ಉದ್ದ, ಹ್ಯಾಂಡಲ್ ದೂರ, ಮೈಭಾರವೆಲ್ಲ ಅಂಗೈ ಮೇಲೆ. ಸೀಟಿನ ಮೂತಿ ಕೆಳಗೆ ಬಾಗಿದ್ದರೆ ಮಟ್ಟ ಮಾಡಿ, ಅದೂ ಮುಂದಕ್ಕೆ ತಳ್ಳುತ್ತದೆ. ಹ್ಯಾಂಡಲ್ ಹತ್ತಿರ ಆಗಲಿ ಅಂತ ಸೀಟನ್ನೇ ಮುಂದಕ್ಕೆ ಜರುಗಿಸಬೇಡಿ, ಮತ್ತೆ ಮಂಡಿ ಕೂಗುತ್ತದೆ. ಹ್ಯಾಂಡಲನ್ನು ಹಿಡಿದಿರುವ ಸ್ಟೆಮ್ ಎಷ್ಟು ಉದ್ದ ಇದೆ ಅಳೆದು ಹೇಳಿ. 90 ಮಿ.ಮೀ. ಇದ್ದರೆ 60ರದ್ದು ಹಾಕೋಣ. ಶನಿವಾರ ಸಂಜೆ ಸೈಕಲ್ ಹೊಡೆದುಕೊಂಡೇ ಬನ್ನಿ, ನೀವು ಕೂತದ್ದನ್ನು ನೋಡಬೇಕು.