ಬೊಂತೆಯ ಫೋಟೋ ಕೆಳಗೆ ಒಂದು ‘ಚಿಂದಿ’

ನಮ್ಮ ಮನೆತನದ ವಾಟ್ಸಾಪ್ ಗುಂಪಿಗೆ ಒಂದು ಕಟ್ಟಳೆಯಿದೆ. ಮುಳಬಾಗಿಲಿನಲ್ಲಿ ಪ್ರೌಢಶಾಲೆಯ ಕನ್ನಡ ಮೇಷ್ಟರಾಗಿ ನಿವೃತ್ತರಾದ ನಮ್ಮ ದೊಡ್ಡಪ್ಪ ಗುಂಪು ಶುರುವಾದಾಗಲೇ ಅದನ್ನು ವಿಧಿಸಿದ್ದಾರೆ: ಇಲ್ಲಿ ಬರೆಯುವವರು ಕನ್ನಡ ಲಿಪಿಯಲ್ಲಿ, ಪೂರ್ಣ ವಾಕ್ಯಗಳಲ್ಲಿ ಬರೆಯಬೇಕು. ಚಿಂತಾಮಣಿಯ ಬಳಿ ಟೊಮೊಟೊ ಬೆಳೆಯುವ ಮಾವನಿಗೆ ಮಾತ್ರ ವಿನಾಯಿತಿ. ಕೋಲಾರದ ಮಂಡಿಯಲ್ಲಿ ಹರಾಜಿನ ಗದ್ದಲದ ನಡುವೆ ನಿಂತು ಕರ್ತೃ, ಕರ್ಮ, ಕ್ರಿಯಾಪದ ಜೋಡಿಸಲು ತಮಗೆ ಪುರಸೊತ್ತಿಲ್ಲವೆಂದು ಅವರು ಮೊದಲೇ ಹೇಳಿಬಿಟ್ಟಿದ್ದಾರೆ.

ಕಳೆದ ಭಾನುವಾರ ಬೆಳಿಗ್ಗೆ ಅತ್ತೆ ಒಂದು ಫೋಟೋ ಹಾಕಿದರು.

ಅತ್ತೆ: ಅಟ್ಟದ ಮೇಲಿನ ಟ್ರಂಕಿನಲ್ಲಿ ಅಮ್ಮ ಹೊಲಿದ ಬೊಂತೆ ಸಿಕ್ಕಿತು. ಅವಳ ಹಳೆಯ ನೂಲಿನ ಸೀರೆಗಳು, ಅಪ್ಪನ ಪಂಚೆ, ನಮ್ಮೆಲ್ಲರ ಲಂಗ ಮತ್ತು ಅಂಗಿಗಳ ತುಂಡುಗಳು ಇದರಲ್ಲಿವೆ. ದಬ್ಬಳದಿಂದ ಹಾಕಿದ ಹೊಲಿಗೆ ಒಂದು ಕಡೆಯೂ ಬಿಟ್ಟಿಲ್ಲ.

ತಮ್ಮ: ಚಿಂದಿ!

ಜೊತೆಗೆ ಬೆಂಕಿಯ ಚಿತ್ರವೂ ಇತ್ತು. ಅದು ಅತ್ತೆಗೆ ಇನ್ನಷ್ಟು ಅಪಶಕುನವಾಗಿ ಕಂಡಿರಬೇಕು.

ಅತ್ತೆ: ಚಿಂದಿಯೇ ಹೌದಪ್ಪ. ಬೊಂತೆಯನ್ನು ಯಾರಾದರೂ ರೇಷ್ಮೆ ಸೀರೆ ಕತ್ತರಿಸಿ ಹೊಲಿಯುತ್ತಾರೆಯೇ? ಆದರೆ ನಿನ್ನನ್ನು ಕೂಸಾಗಿದ್ದಾಗ ಮಲಗಿಸಿದ್ದು ಇದರ ಮೇಲೆಯೇ ಎಂಬುದು ನೆನಪಿದ್ದಿದ್ದರೆ ಹೀಗೆ ಆಡಿಕೊಳ್ಳುತ್ತಿರಲಿಲ್ಲ.

ದೊಡ್ಡಪ್ಪ: ಒಂದೇ ಪದವನ್ನು ಎಸೆದು ಹೋಗುವುದು ಈ ಗುಂಪಿನ ಪದ್ಧತಿಯಲ್ಲ. ನೀನು ಏನನ್ನು ಹೇಳಬೇಕೆಂದಿದ್ದೀಯೋ ಅದನ್ನು ಪೂರ್ಣ ವಾಕ್ಯದಲ್ಲಿ ಹೇಳು.

ತಮ್ಮ: ಅತ್ತೆ, ನಾನು ಬರೆದದ್ದು ಹೊಗಳಿಕೆ. ದೊಡ್ಡಪ್ಪ, ತಾವು ಹೇಳಿದಂತೆ ಪೂರ್ಣ ವಾಕ್ಯವನ್ನೇ ಬರೆಯುತ್ತಿದ್ದೇನೆ: ಅಜ್ಜಿಯ ಬೊಂತೆ ಚಿಂದಿಯಾಗಿದೆ.

ಇದರಿಂದ ಬೆಂಕಿಗೆ ತುಪ್ಪ ಸುರಿದಂತಾಯಿತು. ಹರಿಯದೆ ಉಳಿದಿದೆಯೆಂದು ಅತ್ತೆ ಹೆಮ್ಮೆಪಟ್ಟ ಬೊಂತೆ ಹರಿದು ಚೂರಾಗಿದೆ ಎಂದು, ಅದೂ ಶುದ್ಧ ಗ್ರಾಂಥಿಕ ಕನ್ನಡದಲ್ಲಿ, ಇವನು ಘೋಷಿಸಿದ ಹಾಗಾಯಿತು. ಇವನ ಮನಸ್ಸಿನಲ್ಲಿದ್ದದ್ದು ‘ಚೆನ್ನಾಗಿದೆ’ಯ ಅಚ್ಚು, ಅದರಲ್ಲಿ ‘ಚೆನ್ನ’ವನ್ನು ತೆಗೆದು ‘ಚಿಂದಿ’ಯನ್ನು ಇಟ್ಟಿದ್ದ. ಕಾಲೇಜಿನ ಹುಡುಗರು ‘ಚಿಂದಿ’ ಎನ್ನುತ್ತಾರೆ, ‘ಚಿಂದಿ ಗುರು’ ಎನ್ನುತ್ತಾರೆ, ‘ಚಿಂದಿ ಇದೆ’ ಎಂದೂ ಅನ್ನುತ್ತಾರೆ. ಹೊಗಳುವಾಗ ‘ಚಿಂದಿಯಾಗಿದೆ’ ಎಂದು ಯಾರಾದರೂ ಅಂದದ್ದನ್ನು ನಾನು ಕೇಳಿಲ್ಲ.

ದೊಡ್ಡಪ್ಪ: ಚಿಂದಿ ಎಂದರೆ ಹರಿದ ಬಟ್ಟೆಯ ಚೂರು. ಪತ್ರಿಕೆಗಳಲ್ಲಿ ‘ಚಿಂದಿ ಆಯುವ ಮಕ್ಕಳು’ ಎಂದು ಓದಿದಾಗ ನಮಗೆ ಬೇರೆ ಯಾವ ಅರ್ಥವೂ ಹೊಳೆಯುವುದಿಲ್ಲ. ‘ಚಿಂದಿ ಚಿತ್ರಾನ್ನ’ವೆಂದರೂ ಚೆಲ್ಲಾಪಿಲ್ಲಿಯಾದದ್ದು ಎಂದೇ ಅರ್ಥವೇ ಹೊರತು ರುಚಿಯಾದ ಚಿತ್ರಾನ್ನವೆಂದಲ್ಲ. ಡಿ.ವಿ.ಜಿ. ಹುಟ್ಟಿದ ಊರಿನಲ್ಲಿ ಕುಳಿತು, ಮಾಸ್ತಿಯವರು ಹುಟ್ಟಿದ ಜಿಲ್ಲೆಯವರೆಂದು ಹೇಳಿಕೊಳ್ಳುತ್ತಾ, ಒಂದು ಪದವನ್ನು ಅದರ ಅರ್ಥಕ್ಕೆ ನೇರ ವಿರುದ್ಧವಾಗಿ ಬಳಸುವುದನ್ನು ನಾನು ಒಪ್ಪಲಾರೆ. ಪ್ರೊ. ಜಿ. ವೆಂಕಟಸುಬ್ಬಯ್ಯನವರು ಇದ್ದಿದ್ದರೆ ಪ್ರಜಾವಾಣಿಯಲ್ಲಿ ಅವರು ಬರೆಯುತ್ತಿದ್ದ ‘ಇಗೋ ಕನ್ನಡ’ ಅಂಕಣಕ್ಕೆ ಈ ಪ್ರಶ್ನೆಯನ್ನು ಇವತ್ತೇ ಬರೆದು ಕಳುಹಿಸುತ್ತಿದ್ದೆ.

ಚಿಕ್ಕಪ್ಪ, ಕೆ.ಜಿ.ಎಫ್.: ಅಣ್ಣ, ಮಾಸ್ತಿಯವರ ಮನೆಮಾತು ತಮಿಳು ಎಂಬುದನ್ನೂ ನೆನಪಿಸಿಕೊಳ್ಳಬೇಕು. ಮೂರು ಭಾಷೆಗಳು ಒಂದೇ ಬೀದಿಯಲ್ಲಿ ಓಡಾಡುವ ಜಿಲ್ಲೆಯಲ್ಲಿ ಪದಗಳು ತಮ್ಮ ಜಾಡು ಬಿಟ್ಟು ಕದಲಬಾರದು ಎಂದರೆ ಹೇಗೆ?

ಚಿಕ್ಕಮ್ಮ, ಶ್ರೀನಿವಾಸಪುರ: ಭಾವ, ನನ್ನ ತವರಿನ ತೆಲುಗಿನಲ್ಲಿ ‘ಚಿಂಚು’ ಎಂದರೆ ಹರಿದುಹಾಕು ಎಂದೇ ಅರ್ಥ. ಆದರೂ ಹುಡುಗನೊಬ್ಬ ವೇದಿಕೆಯ ಮೇಲೆ ಚೆನ್ನಾಗಿ ಕುಣಿದರೆ ‘ಚಿಂಚೇಶಾಡು’ ಎನ್ನುತ್ತಾರೆ. ಏನನ್ನು ಹರಿದುಹಾಕಿದ ಎಂದು ಯಾರೂ ಕೇಳುವುದಿಲ್ಲ.

ಚಿಕ್ಕಪ್ಪ, ಕೆ.ಜಿ.ಎಫ್.: ಆದರೆ ನಮ್ಮ ರಾಬರ್ಟ್‌ಸನ್‌ಪೇಟೆಯ ತಮಿಳಿನಲ್ಲಿ ‘ನೀ ಕಿಳಿಚ್ಚೆ’, ಅಂದರೆ ‘ನೀನು ಹರಿದುಹಾಕಿದೆ’, ಎಂಬುದು ಬಹುಪಾಲು ವ್ಯಂಗ್ಯ. ‘ನೀನು ಕಡಿದು ಕಟ್ಟೆ ಹಾಕಿದ್ದು ಗೊತ್ತಿದೆ, ಸುಮ್ಮನಿರು’ ಎಂಬ ಧಾಟಿ. ಒಂದಷ್ಟು ಕಿಲೋಮೀಟರ್ ಆಚೆ ಹೋದರೆ ಹರಿಯುವುದು ಹೊಗಳಿಕೆ, ಈಚೆ ಬಂದರೆ ಹಂಗಿಸುವಿಕೆ. ಆದ್ದರಿಂದ ಅಕ್ಕನಿಗೆ ಸಿಟ್ಟು ಬಂದದ್ದರಲ್ಲಿ ತಪ್ಪಿಲ್ಲ.

ಭಾವ, ಪುಣೆ: ಇಲ್ಲಿಯ ಒಂದು ಮಾತನ್ನೂ ಸೇರಿಸುತ್ತೇನೆ. ಮರಾಠಿಯ ‘ಚಿಂಧಿ’ ಎಂದರೂ ಬಟ್ಟೆಯ ಹರಕೇ. ಮುಂಬೈ ಹಿಂದಿಯಲ್ಲಿ ಮಾತ್ರ ‘ಚಿಂದಿ’ ಎಂದರೆ ಕ್ಷುಲ್ಲಕ, ಜುಗ್ಗ ಎಂದಾಗುತ್ತದೆ. ‘ಚಿಂದಿ ಚೋರ್’ ಎಂದರೆ ಪುಡಿಗಳ್ಳ. ತಮ್ಮನು ಈ ಕಡೆ ಕೆಲಸಕ್ಕೆ ಬಂದರೆ ಮೇಲಧಿಕಾರಿಯ ಹೊಸ ಕಾರನ್ನು ನೋಡಿ ಆ ಪದವನ್ನು ಉಚ್ಚರಿಸದಿರುವುದು ಒಳ್ಳೆಯದು.

ಅಲ್ಲಿಯವರೆಗೆ ಓದುತ್ತಾ ಕುಳಿತಿದ್ದ ನಾನು ಆಗ ಬರೆದೆ. ದೊಡ್ಡಪ್ಪನವರ ಆಕ್ಷೇಪಕ್ಕೆ ಉತ್ತರ ಕೊಡುವುದು ಸುಲಭವೆಂದು ನನಗೆ ಅನ್ನಿಸಿತ್ತು. ಅವರು ಪಾಠ ಹೇಳಿದ ವ್ಯಾಕರಣದಿಂದಲೇ ಉತ್ತರ ಸಿಗುವಂತಿತ್ತು.

ನಾನು: ದೊಡ್ಡಪ್ಪ, ‘ಚಿಂದಿ’ಯ ಅರ್ಥವನ್ನು ಆ ಪದದೊಳಗೆ ಹುಡುಕಿದರೆ ಸಿಗುವುದಿಲ್ಲ, ಅದರ ಪಕ್ಕದಲ್ಲಿ ಯಾವ ಕ್ರಿಯಾಪದವಿದೆ ಎಂದು ನೋಡಬೇಕು. ‘ಆಗು’ ಬಂದರೆ ಹಾನಿ: ಬಟ್ಟೆ ಚಿಂದಿಯಾಯಿತು, ಸಂಸಾರ ಚಿಂದಿಯಾಯಿತು. ‘ಇರು’ ಬಂದರೆ, ಅಥವಾ ಕ್ರಿಯಾಪದವೇ ಇಲ್ಲದಿದ್ದರೆ, ಇಂದಿನ ಹುಡುಗರ ಬಾಯಲ್ಲಿ ಹೊಗಳಿಕೆ: ಊಟ ಚಿಂದಿ, ಹಾಡು ಚಿಂದಿ ಇದೆ. ಇವೆರಡರ ನಡುವೆ ‘ಮಾಡು’ ಮತ್ತು ‘ಉಡಾಯಿಸು’ ನಿಂತಿವೆ. ‘ಬ್ಯಾಟ್ಸ್‌ಮನ್ ಬೌಲರುಗಳನ್ನು ಚಿಂದಿ ಉಡಾಯಿಸಿದ’ ಎಂಬ ವಾಕ್ಯವನ್ನು ತೆಗೆದುಕೊಳ್ಳಿ. ಬೌಲರುಗಳ ಪಾಲಿಗೆ ಅದು ಹಳೆಯ ಅರ್ಥದ ಚಿಂದಿಯೇ, ಆದರೆ ಬ್ಯಾಟ್ಸ್‌ಮನ್‌ನ ಪಾಲಿಗೆ ಕೀರ್ತಿ. ಕಾಲಕ್ರಮೇಣ ಬೌಲರುಗಳು ವಾಕ್ಯದಿಂದ ಬಿದ್ದುಹೋಗಿ ‘ಇವತ್ತು ಅವನು ಚಿಂದಿ ಮಾಡಿದ’ ಎಂದಷ್ಟೇ ಉಳಿಯಿತು, ಅಂದರೆ ಹರಿಸಿಕೊಂಡವನು ಮರೆಯಾಗಿ ಹರಿದವನ ಮೆಚ್ಚುಗೆ ಮಾತ್ರ ಉಳಿಯಿತು. ಆಮೇಲೆ ಹರಿಯುವವನೂ ಬೇಡವಾದ. ಬಿರಿಯಾನಿಯೂ ಚಿಂದಿ, ಹೊಸ ಚಪ್ಪಲಿಯೂ ಚಿಂದಿ. ಹೊಗಳಿಕೆ ಬಂದದ್ದು ಈ ದಾರಿಯಲ್ಲಿ ಎಂಬುದು ನನ್ನ ಊಹೆ. ಚಿಕ್ಕಮ್ಮ ಹೇಳಿದ ‘ಚಿಂಚೇಶಾಡು’ ಕೂಡ ಇದೇ ದಾರಿಯಲ್ಲಿ ನಡೆದಂತೆ ಕಾಣುತ್ತದೆ.

ದೊಡ್ಡಪ್ಪ: ವಿವರಣೆ ಜಾಣತನದಿಂದ ಕೂಡಿದೆ. ಆದರೆ ಕೆಟ್ಟದ್ದನ್ನು ಸೂಚಿಸುವ ಪದ ಒಳ್ಳೆಯದನ್ನು ಸೂಚಿಸುವುದು ಭಾಷೆಯ ಶೈಥಿಲ್ಯವಲ್ಲವೇ?

ನಾನು: ಹೋದ ತಿಂಗಳು ನೀವೇ ಮುಳಬಾಗಿಲು ದೋಸೆಯ ಫೋಟೋ ಹಾಕಿ ‘ಭಯಂಕರ ರುಚಿಯಾಗಿತ್ತು’ ಎಂದು ಬರೆದಿದ್ದಿರಿ. ಆ ದೋಸೆಯನ್ನು ಕಂಡು ನಮ್ಮಲ್ಲಿ ಯಾರಿಗೂ ಭಯವಾಗಲಿಲ್ಲ. ‘ವಿಪರೀತ ಇಷ್ಟ’ ಎನ್ನುವಾಗ ನಾವು ಇಷ್ಟಕ್ಕೆ ವಿರುದ್ಧವಾದದ್ದನ್ನು ಹೇಳುತ್ತಿಲ್ಲ. ‘ಸಖತ್’ ಎಂಬುದು ಫಾರಸಿಯ ‘ಸಖ್ತ್’. ಅಲ್ಲಿ ಅದಕ್ಕೆ ಗಟ್ಟಿ, ಕಠಿಣ ಎಂಬ ಅರ್ಥ. ಈಗ ಅದು ಕನ್ನಡದಲ್ಲಿ ಹಾಯಾಗಿ ಕಾಲು ಚಾಚಿಕೊಂಡಿದೆ. ಅತಿಯಾದದ್ದನ್ನು ಹೇಳಲು ಹೆದರಿಕೆಯ, ಹೊಡೆತದ, ಹರಿತದ ಪದಗಳನ್ನು ಎಳೆದು ತರುವುದು ತಮ್ಮನ ಕಾಲದಲ್ಲಿ ಶುರುವಾದದ್ದಲ್ಲ.

ದೊಡ್ಡಪ್ಪ ಇದಕ್ಕೆ ಬಹಳ ಹೊತ್ತು ಉತ್ತರಿಸಲಿಲ್ಲ. ‘ಬರೆಯುತ್ತಿದ್ದಾರೆ’ ಎಂಬ ಸೂಚನೆ ಮಾತ್ರ ಬಂದು ಬಂದು ಹೋಗುತ್ತಿತ್ತು. ವಾದ ಗೆದ್ದೆನೆಂದು ತಮ್ಮನು ನನಗೆ ಬೇರೆಯಾಗಿ ಸಂದೇಶ ಕಳುಹಿಸಿದ. ಆ ಗೆಲುವು ಅವನದು ಹೇಗಾಯಿತೋ ತಿಳಿಯದು. ಅಷ್ಟರಲ್ಲಿ ಅತ್ತೆ ಬರೆದರು.

ಅತ್ತೆ: ನೀವೆಲ್ಲರೂ ಕ್ರಿಯಾಪದವನ್ನು ಹಿಡಿದುಕೊಂಡು ಮಾತನಾಡುತ್ತಿದ್ದೀರಿ. ನನಗೆ ಕೇಳಿಸಿದ ‘ಚಿಂದಿ’ಯಲ್ಲಿ ಕ್ರಿಯಾಪದವೇ ಇರಲಿಲ್ಲ. ನಾವು ತೇಪೆ ಹಾಕಿದ ಲಂಗ ಉಟ್ಟು ಶಾಲೆಗೆ ಹೋಗುತ್ತಿದ್ದಾಗ ಹಿಂದಿನ ಸಾಲಿನ ಹುಡುಗಿಯರು ‘ಏ ಚಿಂದಿ’ ಎಂದು ಕೂಗುತ್ತಿದ್ದರು. ಅದೇ ನಮ್ಮ ಹೆಸರಾಗಿತ್ತು. ಆ ಲಂಗದ ತುಂಡೂ ಈ ಬೊಂತೆಯ ಎಡಮೂಲೆಯಲ್ಲಿದೆ, ಹಸಿರು ಹೂವಿನದು, ಬೇಕಾದರೆ ಫೋಟೋ ದೊಡ್ಡದು ಮಾಡಿ ನೋಡಿ. ಅಣ್ಣ, ನೀನು ಗಂಡುಹುಡುಗ, ನಿನ್ನ ಚಡ್ಡಿಯ ತೇಪೆಯನ್ನು ಯಾರೂ ಎಣಿಸಲಿಲ್ಲ.

ದೊಡ್ಡಪ್ಪನವರ ನಿಘಂಟಿನ ವಾದಕ್ಕಿಂತ ಇದು ಗಟ್ಟಿಯಾದ ಆಕ್ಷೇಪ ಎಂದು ನಾನು ಭಾವಿಸುತ್ತೇನೆ. ಒಂದು ಪದ ಹೇಗೆ ಹೊಗಳಿಕೆಯಾಯಿತು ಎಂದು ತೋರಿಸಿಕೊಟ್ಟ ಮಾತ್ರಕ್ಕೆ, ಅದೇ ಪದದಿಂದ ಬೈಸಿಕೊಂಡವರಿಗೆ ಅದು ಹೊಗಳಿಕೆಯಾಗಿ ಕೇಳಿಸಬೇಕಾಗಿಲ್ಲ. ನನ್ನ ವಿವರಣೆಯಲ್ಲಿ ಬೌಲರುಗಳು ವಾಕ್ಯದಿಂದ ಸುಲಭವಾಗಿ ಬಿದ್ದುಹೋಗಿದ್ದರು. ಆದರೆ ಬಿದ್ದುಹೋದವರು ಕೆಲವೊಮ್ಮೆ ಅದೇ ಗುಂಪಿನ ಸದಸ್ಯರಾಗಿರುತ್ತಾರೆ.

ತಮ್ಮ: ಅತ್ತೆ, ಇದು ನನಗೆ ಗೊತ್ತಿರಲಿಲ್ಲ. ನಾವು ಹಾಸ್ಟೆಲಿನಲ್ಲಿ ಸಾರು ಚೆನ್ನಾಗಿದ್ದರೂ, ಪರೀಕ್ಷೆ ಮುಂದಕ್ಕೆ ಹೋದರೂ ಇದನ್ನೇ ಹೇಳುತ್ತೇವೆ. ಪರೀಕ್ಷೆ ಕೆಟ್ಟರೆ ‘ಚಿಂದಿ ಆಯ್ತು’ ಎಂದೂ ಹೇಳುತ್ತೇವೆ ಎಂಬುದು ಅಕ್ಕ ಬರೆದ ಮೇಲಷ್ಟೇ ಹೊಳೆಯಿತು. ಬೊಂತೆಯ ಮಟ್ಟಿಗೆ ಬೇರೆ ಪದ ಹುಡುಕುತ್ತೇನೆ.

ಅತ್ತೆ: ಹುಡುಕುವುದು ಬೇಡ. ಬಂದು ತೆಗೆದುಕೊಂಡು ಹೋಗಿ ಹೊದ್ದುಕೋ. ಯಂತ್ರದಲ್ಲಿ ಮಾತ್ರ ಒಗೆಯಬೇಡ, ಒಳಗಿನ ಪದರ ಗಂಟು ಕಟ್ಟುತ್ತದೆ.

ಚಿಕ್ಕಪ್ಪ, ಕೆ.ಜಿ.ಎಫ್.: ಅಕ್ಕನ ಮಾತು ನನಗೆ ಅರ್ಥವಾಗುತ್ತದೆ. 2001ರ ಫೆಬ್ರವರಿ ಕೊನೆಗೆ ಇಲ್ಲಿಯ ಚಿನ್ನದ ಗಣಿ ಮುಚ್ಚಿತು. ಆಗ ನಮ್ಮ ಬೀದಿಯ ಎಷ್ಟೋ ಸಂಸಾರಗಳು ಚಿಂದಿಯಾದವು ಎಂದು ಇವತ್ತಿಗೂ ಹೇಳುತ್ತೇನೆ. ಆ ಸಾಲಿನಲ್ಲಿ ಆ ಪದ ಬೇರೆ ಯಾವ ಅರ್ಥಕ್ಕೂ ಒಗ್ಗುವುದಿಲ್ಲ.

ಚಿಕ್ಕಮ್ಮ, ಶ್ರೀನಿವಾಸಪುರ: ಹಾಗೆಂದು ಹುಡುಗರ ಬಾಯನ್ನು ಹೊಲಿಯಲಾಗುವುದೇ? ನಮ್ಮ ತೋಟದ ಮಾವಿನ ಹಣ್ಣನ್ನು ತಿಂದು ಮಗಳ ಗೆಳತಿಯರು ‘ಆಂಟಿ, ಚಿಂದಿ’ ಎಂದಾಗ ನನಗೆ ಖುಷಿಯೇ ಆಯಿತು. ಅವರ ಮುಖ ನೋಡುತ್ತಿದ್ದೆ, ಧ್ವನಿ ಕೇಳುತ್ತಿದ್ದೆ, ಅನುಮಾನಕ್ಕೆ ಆಸ್ಪದವಿರಲಿಲ್ಲ.

ದೊಡ್ಡಪ್ಪ: ನಾನು ಹೇಳಬೇಕೆಂದಿದ್ದುದು ಅದನ್ನೇ. ಆಡುಮಾತಿನಲ್ಲಿ ಮುಖ, ಧ್ವನಿ, ಕೈಸನ್ನೆ ಇವೆಲ್ಲ ಕ್ರಿಯಾಪದದ ಕೆಲಸವನ್ನು ಮಾಡುತ್ತವೆ, ಆದ್ದರಿಂದ ಅಲ್ಲಿ ‘ಚಿಂದಿ’ ಒಂಟಿಯಾಗಿ ನಿಲ್ಲಬಲ್ಲುದು. ಬರಹದಲ್ಲಿ ಅವು ಯಾವುವೂ ಇರುವುದಿಲ್ಲ. ದೋಸೆಯ ವಿಷಯದಲ್ಲಿ ನನ್ನ ತಮ್ಮನ ಮಗಳು ನನ್ನ ಮಾತಿನಿಂದಲೇ ನನ್ನನ್ನು ಕಟ್ಟಿಹಾಕಿದ್ದಾಳೆ, ಇರಲಿ; ಆದರೆ ನಾನು ‘ಭಯಂಕರ’ ಎಂದು ಬರೆದು ಬಿಟ್ಟಿರಲಿಲ್ಲ, ‘ರುಚಿಯಾಗಿತ್ತು’ ಎಂದು ವಾಕ್ಯವನ್ನು ಮುಗಿಸಿದ್ದೆ. ಪದವನ್ನು ನಿಷೇಧಿಸುವುದಿಲ್ಲ. ಬಳಸುವವರು ಕ್ರಿಯಾಪದ ಸೇರಿಸಿ ಬಳಸಲಿ, ಮತ್ತು ಅಮ್ಮ, ಅಜ್ಜಿಯರ ಕೈಕೆಲಸದ ಮೇಲೆ ಬಳಸದಿರಲಿ.

ತಮ್ಮ: ಕ್ರಿಯಾಪದ ಸೇರಿಸಿದರೆ ಅದರ ಖದರೇ ಹೋಗುತ್ತದೆ, ದೊಡ್ಡಪ್ಪ. ಚಪ್ಪಾಳೆಗೆ ಯಾರಾದರೂ ಕ್ರಿಯಾಪದ ಸೇರಿಸುತ್ತಾರೆಯೇ?

ಇದಕ್ಕೆ ಪುಣೆಯ ಭಾವ ಹೆಬ್ಬೆರಳು ಒತ್ತಿದರು, ದೊಡ್ಡಪ್ಪ ಒತ್ತಲಿಲ್ಲ. ಹುಡುಗ ಹೇಳಿದ್ದರಲ್ಲಿ ಹುರುಳಿತ್ತು. ಈ ಪದ ಹುಡುಗರ ನಡುವೆ ಅರ್ಥವನ್ನು ತಿಳಿಸುವುದಕ್ಕಿಂತ ಹೆಚ್ಚಾಗಿ ಸದ್ದು ಮಾಡುತ್ತದೆ, ಎರಡೇ ಅಕ್ಷರಗಳಲ್ಲಿ ಸಿಡಿದು ಮುಗಿಯುತ್ತದೆ. ‘ಅತ್ಯುತ್ತಮವಾಗಿದೆ’ ಎಂಬುದನ್ನು ಕೂಗಿ ಹೇಳಲು ಪ್ರಯತ್ನಿಸಿದವರಿಗೆ ಕಷ್ಟ ತಿಳಿಯುತ್ತದೆ.

ಸಂಜೆಯವರೆಗೂ ಗುಂಪು ಮೌನವಾಗಿತ್ತು. ಬೆಳಗಿನಿಂದ ಕೋಲಾರದ ಎ.ಪಿ.ಎಂ.ಸಿ.ಯಲ್ಲಿದ್ದ ಮಾವ ಈ ಚರ್ಚೆಯ ಒಂದು ಸಾಲನ್ನೂ ಓದಿರಲಿಲ್ಲವೆಂದು ಕಾಣುತ್ತದೆ.

ಮಾವ: ಇವತ್ತು ರೇಟು ಚಿಂದಿ.

ಚಿಕ್ಕಪ್ಪ, ಕೆ.ಜಿ.ಎಫ್.: ಅಭಿನಂದನೆಗಳು, ಭಾವ! ಈ ಸಲ ಸಾಲವೆಲ್ಲ ತೀರಿತೆಂದುಕೊಳ್ಳೋಣ.

ದೊಡ್ಡಪ್ಪ: ಅಭಿನಂದನೆ ಸ್ವಲ್ಪ ತಡೆಯಲಿ. ಕ್ರಿಯಾಪದವನ್ನು ತಿಳಿಸಿ.

ಮಾವ: ಆಯಿತು, ಭಾವ. ಹದಿನೈದು ಕೆ.ಜಿ. ಬಾಕ್ಸಿಗೆ ಹಣ್ಣು ಬಿಡಿಸಿದ ಕೂಲಿಯೂ ಗಿಟ್ಟಲಿಲ್ಲ.