ಕಬ್ಬು ಕಟಾವಿಗೆ ಬಂದಿದೆ, ಕೋರ್ಟಿನಿಂದ ಸ್ಟೇ ಬಂದಿದೆ

ಪ್ರಶ್ನೆ (ಪಾಂಡವಪುರ ತಾಲ್ಲೂಕಿನಿಂದ): ವಕೀಲರೇ ನಮಸ್ಕಾರ. ತಾತನ ಕಾಲದ 1 ಎಕರೆ 10 ಗುಂಟೆ ನಾಲೆ ಬಯಲು. ಬಾಯಿಮಾತಿನಲ್ಲೇ ಭಾಗ ಆಗಿ 20 ವರ್ಷದಿಂದ ನಾವೇ ಬೇಸಾಯ ಮಾಡುತ್ತಿದ್ದೇವೆ. ಖಾತೆ ಮಾತ್ರ ಅಪ್ಪ, ದೊಡ್ಡಪ್ಪನ ಹೆಸರಿನಲ್ಲಿ ಜಂಟಿಯಾಗಿದೆ. ಈಗ ದೊಡ್ಡಪ್ಪನ ಮಗ ಸ್ಟೇ ತಂದಿದ್ದಾನೆ. ನಮಗೆ ಮೊದಲು ನೋಟಿಸೇ ಬರಲಿಲ್ಲ. 'ವಾದಿಯ ಸ್ವಾಧೀನಕ್ಕೆ ಪ್ರತಿವಾದಿ ಅಡ್ಡಿ ಮಾಡಬಾರದು' ಅಂತ ಆರ್ಡರಿನಲ್ಲಿದೆ. ಕಬ್ಬಿಗೆ 12 ತಿಂಗಳು ತುಂಬಿ ಸೂಲಂಗಿ (ಹೂ) ಬಂದಿದೆ. ಕಟಾವಿನವರು ಗದ್ದೆಗೆ ಇಳಿಯಲು ಹೆದರುತ್ತಿದ್ದಾರೆ. ಜಮೀನು ಹೋದ ಹಾಗೇನಾ?

ಉತ್ತರ (ಮಂಡ್ಯದ ವಕೀಲ): ಇಲ್ಲ ಸ್ವಾಮಿ, ಜಮೀನು ಎಲ್ಲಿಗೂ ಹೋಗಿಲ್ಲ. ಹಕ್ಕು ಯಾರದು ಅನ್ನುವುದನ್ನು ಕೋರ್ಟ್ ಇನ್ನೂ ನೋಡೇ ಇಲ್ಲ. ಒಂದು ಕಡೆಯವರ ಅಫಿಡವಿಟ್ಟು, ಪಹಣಿ ನೋಡಿ ಸದ್ಯಕ್ಕೆ ಕೊಟ್ಟ ಆದೇಶ ಇದು. ಆದರೆ ಆದೇಶ ತಪ್ಪು ಅನ್ನಿಸಿದರೂ ಮೀರಬೇಡಿ. ಮೀರಿದರೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 39 ರೂಲ್ 2ಎ ಪ್ರಕಾರ ಆಸ್ತಿ ಜಪ್ತಿ ಆಗಬಹುದು, 3 ತಿಂಗಳವರೆಗೆ ಸಿವಿಲ್ ಜೈಲೂ ಆಗಬಹುದು. ರಾತ್ರೋರಾತ್ರಿ ಕಬ್ಬು ಕಡಿದು ಲಾರಿಗೆ ತುಂಬಿ, ಮಾರನೇ ದಿನ ಕೋರ್ಟಿನಲ್ಲಿ ಕೈಕಟ್ಟಿ ನಿಂತವರನ್ನು ನೋಡಿದ್ದೇನೆ. ಕೇಸಿನಲ್ಲಿ ನ್ಯಾಯ ಅವರ ಕಡೆಗೇ ಇತ್ತು, ಆ ಒಂದು ರಾತ್ರಿಯಿಂದ ಎಲ್ಲಾ ಕೆಟ್ಟಿತು.

ನಾಳೆಯೇ ವಕಾಲತ್ತು ಹಾಕಿಸಿ. ತಕರಾರಿನ ಜೊತೆಗೆ ಅದೇ ಆರ್ಡರ್ 39ರ ರೂಲ್ 4ರ ಕೆಳಗೆ ಸ್ಟೇ ತೆರವಿಗೆ ಅರ್ಜಿ ಕೊಡಿ. ಕಬ್ಬು ಒಣಗುತ್ತಿದೆ, ಕಟಾವಿಗೆ ಅನುಮತಿ ಕೊಡಿ, ಬೇಕಾದರೆ ಬಿಲ್ಲಿನ ಹಣ ಕೋರ್ಟಿನಲ್ಲಿ ಇಡುತ್ತೇವೆ ಅಂತ ಬೇರೆ ಅರ್ಜಿಯನ್ನೂ ಹಾಕಿ, ತುರ್ತಾಗಿ ಕೇಳಿಸಿಕೊಳ್ಳಿ ಅಂತ ಮನವಿ ಮಾಡಿ.

ಇನ್ನೊಂದು. ನೋಟಿಸ್ ಇಲ್ಲದೆ ಸ್ಟೇ ಕೊಡುವಾಗ ಯಾಕೆ ಕೊಟ್ಟೆ ಅಂತ ಜಡ್ಜ್ ಕಾರಣ ಬರೆಯಬೇಕು. ಸ್ಟೇ ತಂದವರು ಅರ್ಜಿ, ದಾವೆ, ದಾಖಲೆಗಳ ನಕಲನ್ನು ಕೂಡಲೇ ನಿಮಗೆ ತಲುಪಿಸಬೇಕು ಅಥವಾ ರಿಜಿಸ್ಟರ್ ಅಂಚೆಯಲ್ಲಿ ಕಳಿಸಬೇಕು, ಕಳಿಸಿದ್ದೇವೆ ಅಂತ ಅದೇ ದಿನ ಇಲ್ಲವೇ ಮಾರನೇ ದಿನ ಅಫಿಡವಿಟ್ ಹಾಕಬೇಕು. ಇದು ರೂಲ್ 3. ಹಾಕಿದ್ದಾರಾ ಅಂತ ಆರ್ಡರ್ ಶೀಟ್ (ಕೇಸಿನ ದಿನದಿನದ ನಡಾವಳಿ ಬರೆಯುವ ಹಾಳೆ) ನೋಡಿಸಿ. ಹಾಕಿಲ್ಲದಿದ್ದರೆ ನಿಮಗೆ ಒಳ್ಳೆ ಪಾಯಿಂಟು. 30 ದಿನದೊಳಗೆ ಅರ್ಜಿ ತೀರ್ಮಾನ ಮಾಡಲು ಕೋರ್ಟ್ ಪ್ರಯತ್ನಿಸಬೇಕು ಅಂತಲೂ ಇದೆ. ಹಾಗಂತ 31ನೇ ದಿನಕ್ಕೆ ಸ್ಟೇ ತಾನಾಗೇ ಬಿದ್ದುಹೋಯಿತು ಅಂದುಕೊಳ್ಳಬೇಡಿ.

ಪ್ರಶ್ನೆ: ಪಹಣಿ 9ನೇ ಕಾಲಂನಲ್ಲಿ ಇಬ್ಬರ ಹೆಸರೂ ಇದೆಯಲ್ಲ ಸರ್, ಅವನಿಗೇ ಬಲ ಜಾಸ್ತಿ ಅಲ್ವಾ?

ಉತ್ತರ: ಅದೇ ನಿಮಗೂ ಬಲ. ಜಂಟಿ ಖಾತೆದಾರ ಇನ್ನೊಬ್ಬ ಜಂಟಿ ಖಾತೆದಾರನ ಮೇಲೆ ಸುಮ್ನೆ ಸ್ಟೇ ಪಡೆಯುವುದು ಸಲೀಸಲ್ಲ. ಭಾಗ ಆಗಿಲ್ಲ ಅಂದರೆ ಒಬ್ಬನ ಸ್ವಾಧೀನ ಎಲ್ಲರದ್ದೂ ಹೌದು. ಭಾಗ ಆಗಿದೆ ಅಂದರೆ ಆ ಗದ್ದೆ ತನ್ನ ಪಾಲಿಗೆ ಬಂದಿದೆ, ತಾನೇ ಅನುಭವದಲ್ಲಿದ್ದೇನೆ ಅಂತ ಅವನು ತೋರಿಸಬೇಕು. ಇಲ್ಲಿ ನಿಮ್ಮ ಕಾಗದ ಮಾತಾಡಬೇಕು. 12ನೇ ಕಾಲಂನಲ್ಲಿ ಸಾಗುವಳಿದಾರ ಅಂತ ಯಾರ ಹೆಸರಿದೆ ನೋಡಿ. ನಾನಾದರೆ ಮೊದಲು ಕೇಳುವುದು ಕಾರ್ಖಾನೆಯ ಕಬ್ಬಿನ ಬಿಲ್ಲು. ಅದರಲ್ಲಿ ರೈತನ ಹೆಸರು, ತೂಕ, ತಾರೀಖು ಎಲ್ಲಾ ಇರುತ್ತದೆ. ಹತ್ತು ವರ್ಷದ ಬಿಲ್ಲು ನಿಮ್ಮಪ್ಪನ ಹೆಸರಿನಲ್ಲಿದ್ದರೆ, ವಾದಿ ಒಂದು ದಿನ ಬದುವಿನ ಮೇಲೆ ನಿಂತು ತೆಗೆಸಿದ ಫೋಟೋಗೆ ಏನು ಬೆಲೆ? ಸೊಸೈಟಿ ಬೆಳೆ ಸಾಲದ ಪುಸ್ತಕ, ನೀರಿನ ಕಂದಾಯದ ರಸೀದಿ, ಗೊಬ್ಬರದ ಚೀಟಿ ಎಲ್ಲಾ ತನ್ನಿ. ಮೇಲ್ನೋಟಕ್ಕೆ ಕೇಸ್ ಯಾರ ಕಡೆ ಇದೆ, ಸ್ಟೇಯಿಂದ ಯಾರಿಗೆ ಜಾಸ್ತಿ ತೊಂದರೆ, ದುಡ್ಡಿನಲ್ಲಿ ತುಂಬಿಕೊಡಲಾಗದ ನಷ್ಟ ಯಾರಿಗೆ, ಈ ಮೂರನ್ನು ಜಡ್ಜ್ ತೂಗುತ್ತಾರೆ. ಸ್ಟೇ ಖಾಯಂ ಆದರೆ ಮೇಲ್ಮನವಿ ಇದೆ. ಜಿಲ್ಲಾ ಮಟ್ಟದ ಕೋರ್ಟಿಗಾದರೆ 30 ದಿನ.

ಪ್ರಶ್ನೆ (ಮೈಸೂರಿನಿಂದ): ನಮ್ಮ ಸೈಟಿನ ಮೇಲೂ ಪಕ್ಕದವರು ಸ್ಟೇ ತರುತ್ತೇವೆ ಅಂತಿದ್ದಾರೆ. ಮೊದಲೇ ಏನಾದರೂ ಮಾಡಬಹುದಾ?

ಉತ್ತರ: ಕೇವಿಯಟ್ ಹಾಕಿ, ಅಂದರೆ ನಮಗೆ ತಿಳಿಸದೆ ಆದೇಶ ಕೊಡಬೇಡಿ ಅಂತ ಕೋರ್ಟಿಗೆ ಮೊದಲೇ ಕೊಡುವ ಅರ್ಜಿ, ಸಿಪಿಸಿ ಸೆಕ್ಷನ್ 148ಎ. ಯಾರು ಕೇಸ್ ಹಾಕಬಹುದು ಅನ್ನಿಸುತ್ತದೋ ಅವರೆಲ್ಲರ ಹೆಸರು ಬರೆಯಿರಿ, ಅವರಿಗೆ ರಿಜಿಸ್ಟರ್ ಅಂಚೆಯಲ್ಲಿ ನೋಟಿಸ್ ಕಳಿಸಿ. ಆಮೇಲೆ ಅವರು ಅರ್ಜಿ ಹಾಕಿದರೆ ಕೋರ್ಟಿನಿಂದ ನಿಮಗೆ ನೋಟಿಸ್ ಬರಬೇಕು. ಕೇವಿಯಟ್‌ಗೆ 90 ದಿನ ಮಾತ್ರ ಆಯಸ್ಸು, ಮುಗಿಯುವ ಮೊದಲೇ ಹೊಸದು ಹಾಕಿಸಿ.

ಪಾಂಡವಪುರದವರೇ, ಆರ್ಡರಿನ ಕೊನೆಯ ಪುಟದಲ್ಲಿ ಮುಂದಿನ ತಾರೀಖು ಯಾವುದಿದೆ? ಅದನ್ನು ಇಲ್ಲಿ ಹಾಕಿ.