ರಷ್ಯಾದ ಜ್ವಾಲಾಮುಖಿಗಳು ಎರಡು ತುದಿಗಳಲ್ಲಷ್ಟೇ ಇರುವುದೇಕೆ?

ಪ್ರಶ್ನೆ:
ರಷ್ಯಾದ ನೈಋತ್ಯಕ್ಕಿರುವ ಕಾಕಸಸ್ ಪರ್ವತಗಳಲ್ಲಿ ಎಲ್ಬ್ರುಸ್ ಎಂಬ ಜ್ವಾಲಾಮುಖಿಯಿದೆ. ಪೂರ್ವ ತುದಿಯ ಕಮ್ಚಾಟ್ಕಾ ಪರ್ಯಾಯದ್ವೀಪದಲ್ಲಂತೂ ಅವುಗಳ ಸಾಲೇ ಇದೆ. ಆದರೆ ನಡುವೆ ಸುಮಾರು 2,500 ಕಿ.ಮೀ. ಉದ್ದಕ್ಕೆ ಚಾಚಿಕೊಂಡಿರುವ ಉರಲ್ ಶ್ರೇಣಿಯಲ್ಲಿ ಒಂದೇ ಒಂದು ಜೀವಂತ ಜ್ವಾಲಾಮುಖಿಯೂ ಇಲ್ಲ. ಇದಕ್ಕೆ ಕಾರಣವನ್ನು ತಿಳಿದವರು ದಯವಿಟ್ಟು ವಿವರಿಸಬೇಕಾಗಿ ವಿನಂತಿ.

ಪ್ರತಿಕ್ರಿಯೆ 1:
ಪರ್ವತದ ಉದ್ದ, ಎತ್ತರಗಳಿಗಿಂತ ಅದು ಭೂಫಲಕದ (ನಿಧಾನವಾಗಿ ಚಲಿಸುವ, ಭೂಮಿಯ ಹೊರಪದರದ ಬೃಹತ್ ತುಂಡಿನ) ಅಂಚಿನಲ್ಲಿದೆಯೇ ಎಂಬುದನ್ನು ಮೊದಲು ನೋಡಬೇಕು. ಕಮ್ಚಾಟ್ಕಾದ ಅಡಿಗೆ ಪೆಸಿಫಿಕ್ ಫಲಕವು ವರ್ಷಕ್ಕೆ ಸುಮಾರು 8 ಸೆಂ.ಮೀ.ನಂತೆ ಇಳಿಯುತ್ತಿದೆ. ಆಳಕ್ಕೆ ಹೋದಂತೆ ಅದರ ಖನಿಜಗಳಲ್ಲಿ ಸೇರಿಕೊಂಡಿದ್ದ ನೀರು ಹೊರಬಿದ್ದು, ಮೇಲಿರುವ ಬಿಸಿ ಶಿಲೆಯು ಕಡಿಮೆ ಉಷ್ಣಾಂಶದಲ್ಲೇ ಕರಗತೊಡಗುತ್ತದೆ. ಹಾಗೆ ಹುಟ್ಟಿದ ಶಿಲಾಪಾಕವು ಮೇಲೇರಿ, ಸುಮಾರು 4,750 ಮೀಟರ್ ಎತ್ತರದ ಕ್ಲ್ಯುಚೆವ್‌ಸ್ಕಾಯಾದಂತಹ ಶಿಖರಗಳನ್ನು ಕಟ್ಟುತ್ತದೆ. ಉರಲ್‌ನಲ್ಲಿಯೂ ಒಂದು ಕಾಲಕ್ಕೆ ಇದೇ ನಡೆದಿತ್ತು. ಅಲ್ಲಿದ್ದ ಸಾಗರವು ಭೂಖಂಡಗಳ ಘರ್ಷಣೆಯಲ್ಲಿ ಸುಮಾರು 30 ಕೋಟಿ ವರ್ಷಗಳ ಹಿಂದೆ ಮುಚ್ಚಿಹೋಯಿತು. ಆ ಯುಗದ ಜ್ವಾಲಾಮುಖಿ ಶಿಲೆಗಳು ಮಗ್ನಿತೋಗೊರ್ಸ್ಕ್ ಸುತ್ತಮುತ್ತ ಇಂದಿಗೂ ದೊರೆಯುತ್ತವೆ. ಆದರೆ ಶ್ರೇಣಿಯು ಈಗ ಫಲಕದ ಒಳಭಾಗದಲ್ಲಿದ್ದು, ಸವೆದು ಸವೆದು ಅದರ ಅತ್ಯುನ್ನತ ಶಿಖರವಾದ ನರೋದ್ನಾಯಾ ಕೂಡ 1,900 ಮೀಟರ್ ಮುಟ್ಟುವುದಿಲ್ಲ.

ಪ್ರತಿಕ್ರಿಯೆ 2:
ಎಲ್ಬ್ರುಸ್ ಇರುವುದು ಅರೇಬಿಯಾ ಫಲಕವು ಯುರೇಷಿಯಾವನ್ನು ಒತ್ತುತ್ತಿರುವ ವಲಯದಲ್ಲಿ. 5,642 ಮೀಟರ್ ಎತ್ತರದ ಈ ಪರ್ವತವು ಕೊನೆಯ ಬಾರಿ ಉಕ್ಕಿದ್ದು ಸುಮಾರು 2,000 ವರ್ಷಗಳ ಹಿಂದೆ. ಹಾಗೆಂದು ಅದನ್ನು ನಿರ್ಜೀವವೆನ್ನುವುದು ಸರಿಯಲ್ಲ. ಕಮ್ಚಾಟ್ಕಾದ ಬೆಜಿಮ್ಯಾನಿಯನ್ನೂ ನಿರ್ಜೀವವೆಂದೇ ಭಾವಿಸಲಾಗಿತ್ತು. ಅದು 1955ರಲ್ಲಿ ಎಚ್ಚೆತ್ತಿತು. 1956ರ ಮಾರ್ಚ್ 30ರಂದು ಅದರ ಒಂದು ಪಾರ್ಶ್ವವೇ ಕುಸಿದು ಭಾರಿ ಸ್ಫೋಟ ಸಂಭವಿಸಿ, ಲಾಳದ ಆಕಾರದ ಕುಳಿಯೊಂದು ಉಳಿಯಿತು.

ಪ್ರತಿಕ್ರಿಯೆ 3:
ಮೇಲಿನ ಉತ್ತರಗಳು ಸಮರ್ಪಕವಾಗಿವೆ, ಆದರೆ ಶೀರ್ಷಿಕೆಯಲ್ಲಿನ ‘ಎರಡು ತುದಿಗಳಲ್ಲಷ್ಟೇ’ ಎಂಬುದನ್ನು ಇಂದಿನ ಪ್ರಮುಖ ಜ್ವಾಲಾಮುಖಿಗಳಿಗೆ ಸೀಮಿತಗೊಳಿಸಬೇಕು. ಆ ದೇಶದ ಅತಿದೊಡ್ಡ ಜ್ವಾಲಾಮುಖಿ ಭೂಮಿ ಇರುವುದು ನಡುವಿನ ಸೈಬೀರಿಯಾದಲ್ಲಿ. ಸುಮಾರು 25.2 ಕೋಟಿ ವರ್ಷಗಳ ಹಿಂದೆ ಅಲ್ಲಿನ ನೆಲದ ಬಿರುಕುಗಳಿಂದ ಲಾವಾ ಹೊರಹರಿದು, ಪದರದ ಮೇಲೆ ಪದರವಾಗಿ ಹೆಪ್ಪುಗಟ್ಟಿತು. ಭೂಮಿಯ ಇತಿಹಾಸದ ಅತಿ ಘೋರ ಜೀವನಾಶಕ್ಕೆ ಆಗ ಹೊರಬಿದ್ದ ಅನಿಲಗಳೇ ಮುಖ್ಯ ಕಾರಣವೆಂದು ಬಹುತೇಕ ವಿಜ್ಞಾನಿಗಳು ಪರಿಗಣಿಸುತ್ತಾರೆ. ಶಂಕುವಿನಾಕಾರದ ಶಿಖರಗಳನ್ನೇ ಹುಡುಕುವವರ ಕಣ್ಣಿಗೆ ಇದು ಬೀಳುವುದಿಲ್ಲ. ನೊರಿಲ್ಸ್ಕ್ ನಗರದ ಪೂರ್ವಕ್ಕಿರುವ ಪುತೊರಾನಾ ಪ್ರಸ್ಥಭೂಮಿಯ ಉಪಗ್ರಹ ಚಿತ್ರವನ್ನು ಹಿಗ್ಗಿಸಿ ನೋಡಿದರೆ, ಕಣಿವೆಗಳ ಇಕ್ಕೆಲಗಳಲ್ಲಿ ಬಸಾಲ್ಟಿನ ಆ ಪದರಗಳು ಒಂದರ ಕೆಳಗೊಂದು ಗೆರೆ ಎಳೆದಂತೆ ಸ್ಪಷ್ಟವಾಗಿ ಕಾಣಿಸುತ್ತವೆ.